ಮುಂಗುಸಿಯ ಕಥೆ ಮತ್ತು ಸಾಕಿದವರ ಅಪರಾಧಿ ಭಾವ

ಸಾಕಿದ ನಾಯಿಯನ್ನೋ ಬೆಕ್ಕನ್ನೋ ಕಳೆದುಕೊಂಡು ಆಪ್ತಸಮಾಲೋಚನೆಗೆ ಬರುವವರಲ್ಲಿ ಹೆಚ್ಚಿನವರು ಮಾತು ಆರಂಭಿಸುವುದು ತಮ್ಮ ತಪ್ಪಿನಿಂದ. ವೈದ್ಯರಿಗೆ ಇನ್ನೂ ಮೊದಲೇ ತೋರಿಸಬೇಕಿತ್ತು, ಬಾಗಿಲು ಹಾಕಿಕೊಳ್ಳಬೇಕಿತ್ತು, ದಯಾಮರಣಕ್ಕೆ ಒಪ್ಪಿಗೆ ಕೊಡಬಾರದಿತ್ತು ಎಂದೆಲ್ಲ ಒಂದೇ ಉಸಿರಿಗೆ ಹೇಳಿ, ಇಷ್ಟಕ್ಕೆಲ್ಲ ಸಮಾಲೋಚನೆಗೆ ಬಂದೆನಲ್ಲ ಎಂದು ಸಂಕೋಚಪಡುತ್ತಾರೆ. ಈ ಅಪರಾಧಿ ಭಾವವನ್ನೂ ಸಂಕೋಚವನ್ನೂ ಮನಶ್ಶಾಸ್ತ್ರಕ್ಕಿಂತ ಬಹಳ ಹಿಂದೆಯೇ ಕಥೆಗಾರರು ಗುರುತಿಸಿದ್ದರು ಎಂದು ನಾನು ನಂಬುತ್ತೇನೆ.

ಪಂಚತಂತ್ರದ ಮುಂಗುಸಿಯನ್ನೇ ನೋಡಿ. ಮಗುವಿನ ಬಳಿ ಬಂದ ಹಾವನ್ನು ಕೊಂದು, ರಕ್ತ ಮೆತ್ತಿದ ಬಾಯಲ್ಲೇ ಎದುರು ಓಡಿ ಬಂದ ಅದರ ಮೇಲೆ ತಾಯಿ ನೀರಿನ ಕೊಡವನ್ನು ಎತ್ತಿಹಾಕುತ್ತಾಳೆ. ಒಳಗೆ ಹೋದರೆ ಮಗು ಕ್ಷೇಮವಾಗಿದೆ, ಪಕ್ಕದಲ್ಲಿ ಹಾವು ಸತ್ತು ಬಿದ್ದಿದೆ. ವೇಲ್ಸ್‌ನಲ್ಲಿ ಇದೇ ಕಥೆ ತೋಳವನ್ನು ಕೊಂದ ಗೆಲೆರ್ಟ್ ಎಂಬ ಬೇಟೆನಾಯಿಯದು. ಫ್ರಾನ್ಸಿನ ಲಿಯೋನ್ ಸೀಮೆಯಲ್ಲಿ ಹೀಗೆಯೇ ಸತ್ತ ಗಿನ್‌ಫೋರ್ ಎಂಬ ನಾಯಿಯನ್ನು 13ನೆಯ ಶತಮಾನದ ಹಳ್ಳಿಗರು ಮಕ್ಕಳನ್ನು ಕಾಯುವ ಸಂತನೆಂದೇ ಪೂಜಿಸುತ್ತಿದ್ದರು. ಡೊಮಿನಿಕನ್ ಎಂಬ ಕ್ರೈಸ್ತ ಸಂನ್ಯಾಸಿ ಪಂಥದ ಪಾದ್ರಿಯೊಬ್ಬರು ಅದರ ಮೂಳೆಗಳನ್ನು ಅಗೆಸಿ ಸುಡಿಸಿದರೂ ಆ ನಂಬಿಕೆ ಅಳಿಯಲಿಲ್ಲ. ದುಡುಕಬಾರದು ಎಂಬ ನೀತಿಯನ್ನು ಇದಕ್ಕೆ ಅಂಟಿಸುವುದು ವಾಡಿಕೆ. ನನಗೆ ಕಾಣುವ ತಿರುಳು ಬೇರೆ: ಮಾತು ಬಾರದ ಜೀವದ ಕುರಿತು ಮನುಷ್ಯನೊಬ್ಬನೇ ತೀರ್ಮಾನ ಮಾಡಬೇಕಾಗುತ್ತದೆ, ಮಾಡಿದ ಮೇಲೆ ಆ ಜೀವದಿಂದ ಕ್ಷಮೆ ಕೇಳಿ ಪಡೆಯುವ ದಾರಿಯೇ ಇರುವುದಿಲ್ಲ.

ಸಂಕೋಚದ ಚಿತ್ರ ಹೋಮರನ ಗ್ರೀಕ್ ಮಹಾಕಾವ್ಯ ಒಡಿಸ್ಸಿಯಲ್ಲಿದೆ. 20 ವರ್ಷಗಳ ನಂತರ ಭಿಕ್ಷುಕನ ವೇಷದಲ್ಲಿ ಮನೆಗೆ ಮರಳಿದ ಒಡೆಯ ಒಡಿಸ್ಸಿಯಸ್‌ನನ್ನು ಕಂಡು ಮುದಿನಾಯಿ ಆರ್ಗೋಸ್ ಬಾಲ ಆಡಿಸುತ್ತದೆ. ಗುಟ್ಟು ರಟ್ಟಾಗಬಾರದೆಂದು ಅವನು ಪಕ್ಕದವನಿಗೆ ಕಾಣದಂತೆ ಕಣ್ಣೊರೆಸಿಕೊಂಡು ಮುಂದೆ ನಡೆಯುತ್ತಾನೆ. ಹೀಗೆ ಸಮಾಜದ ಎದುರು ತೋಡಿಕೊಳ್ಳಲಾಗದ, ಮಾನ್ಯತೆ ಸಿಗದ ದುಃಖವನ್ನು ದುಃಖದ ಕುರಿತು ಅಧ್ಯಯನ ಮಾಡಿದ ಅಮೆರಿಕದ ವಿದ್ವಾಂಸ ಕೆನೆತ್ ಡೋಕಾ 1989ರಲ್ಲಿ ಪ್ರತ್ಯೇಕವಾಗಿ ವಿವರಿಸಿದರು. ಸಾವಿನ ರಜೆಯಾಗಲಿ ಸಾಂತ್ವನಕ್ಕೆ ಬರುವ ನೆಂಟರಾಗಲಿ ಇಲ್ಲದ ಇಂಥ ದುಃಖ ಬೇಗ ಆರುವುದಿಲ್ಲ.

ಅನೇಕರನ್ನು ಕಾಡುವುದು ಪ್ರಾಣಿಯ ಕೊನೆಯ ನೋಟ. ನಾಯಿಯೂ ಒಡೆಯನೂ ಪರಸ್ಪರ ದಿಟ್ಟಿಸಿ ನೋಡಿದಾಗ ಇಬ್ಬರಲ್ಲೂ ಆಕ್ಸಿಟೋಸಿನ್ ಎಂಬ ಹಾರ್ಮೋನಿನ ಮಟ್ಟ ಏರುವುದನ್ನು ಜಪಾನಿನ ಸಂಶೋಧಕರು 2015ರಲ್ಲಿ ವರದಿ ಮಾಡಿದರು. ಮನುಷ್ಯರು ಸಾಕಿದ ತೋಳಗಳಲ್ಲಿ ಅದು ಕಂಡುಬರಲಿಲ್ಲ. ತಾಯಿ ಮತ್ತು ಮಗುವಿನ ನಂಟಿನಲ್ಲಿ ಕೆಲಸ ಮಾಡುವ ಹಾರ್ಮೋನೂ ಇದೇ. ಆದ್ದರಿಂದ "ಅದು ನನ್ನನ್ನೇ ನೋಡುತ್ತಿತ್ತು" ಎಂದು ಅಳುವವರಿಗೆ, ಆ ನೋಟವನ್ನು ಆರೋಪವೆಂದು ಓದಬೇಕಾಗಿಲ್ಲ, ದಿನವೂ ನಿಮ್ಮನ್ನು ಹುಡುಕುತ್ತಿದ್ದ ಕಣ್ಣುಗಳೇ ಅಂದೂ ಹುಡುಕಿರಬಹುದು ಎನ್ನುತ್ತೇನೆ.

ಆಮೇಲೆ ಕಾಗದವೊಂದನ್ನು ಕೊಟ್ಟು, ಅಂದು ಗೊತ್ತಿದ್ದದ್ದನ್ನು ಒಂದು ಕಡೆ, ನಂತರ ತಿಳಿದದ್ದನ್ನು ಇನ್ನೊಂದು ಕಡೆ ಬರೆಯಲು ಹೇಳುತ್ತೇನೆ. ಊಟ ಬಿಟ್ಟಿದ್ದು ಮೊದಲ ಕಡೆಗೆ ಸೇರುತ್ತದೆ. ಮೂತ್ರಪಿಂಡ ಸೋತಿತ್ತು ಎಂಬ ವರದಿ ಎರಡನೆಯ ಕಡೆಗೆ. ಮುಂಗುಸಿಯ ಕಥೆಯಲ್ಲೂ ರಕ್ತ ಮೊದಲು ಕಾಣುತ್ತದೆ, ಹಾವು ಆಮೇಲೆ. ನಿಜವಾಗಿ ಅಲಕ್ಷ್ಯ ನಡೆದಿದ್ದರೆ ಅದನ್ನು ಮುಚ್ಚಿಹಾಕುವುದು ಸರಿಯಲ್ಲ. ಆದರೆ ಹೆಚ್ಚಿನವರ ಹಾಳೆಯಲ್ಲಿ ಎರಡನೆಯ ಕಡೆಯೇ ತುಂಬಿರುತ್ತದೆ.

ಮನೆಯಲ್ಲಿ ಮಕ್ಕಳಿದ್ದರೆ, ಪ್ರಾಣಿ ನಿದ್ದೆಹೋಯಿತು ಅಥವಾ ಎಲ್ಲೋ ಓಡಿಹೋಯಿತು ಎಂದು ಹೇಳಬೇಡಿ. ಮೊದಲನೆಯದರಿಂದ ಮಗು ಮಲಗಲು ಹೆದರಬಹುದು. ಎರಡನೆಯದರಿಂದ ಬಾಗಿಲ ಬಳಿ ಕಾಯುತ್ತ ಕೂರಬಹುದು. ಅದು ಸತ್ತಿದೆ, ಮರಳಿ ಬರುವುದಿಲ್ಲ, ಇದರಲ್ಲಿ ನಿನ್ನ ತಪ್ಪಿಲ್ಲ ಎಂದು ಸ್ಪಷ್ಟವಾಗಿ ತಿಳಿಸಿ, ಮಗು ಮತ್ತೆ ಮತ್ತೆ ಕೇಳಿದರೂ ಅದೇ ಉತ್ತರವನ್ನು ಕೊಡಿ.