ಪ್ಯಾಚ್‌ವರ್ಕ್‌ಗೆ ಊರೇ ಇಲ್ಲದವರು

ತುಳು ಸಿನಿಮಾದ ಎಡಿಟಿಂಗ್‌ಗೆ ಕೂತರೆ ಎಲ್ಲೋ ಒಂದು ಕಡೆ ಕೊಂಡಿ ತಪ್ಪಿರುತ್ತದೆ. ಹೀರೋ ಈಗಷ್ಟೇ ಬಂದರಿನಲ್ಲಿ ಬೋಟ್ ಹತ್ತಿದ್ದ, ಮುಂದಿನ ಶಾಟ್‌ನಲ್ಲಿ ಮನೆಯಲ್ಲಿ ಗಂಜಿ ಉಣ್ಣುತ್ತಿದ್ದಾನೆ. "ಬಿಡಿ ಅಣ್ಣಾ, ನಾಳೆ ಮಲ್ಪೆಗೆ ಹೋಗಿ ಎರಡು ಶಾಟ್ ತೆಗೊಂಡು ಬರ್ತೇನೆ" ಅಂತಾರೆ ಡೈರೆಕ್ಟರ್. ಅಲ್ಲಿಗೆ ಪ್ಯಾಚ್‌ವರ್ಕ್ ಮುಗಿಯಿತು.

ದೇಶ ಬಿಟ್ಟು ಹೋಗಬೇಕಾದ ನಿರ್ದೇಶಕರಿಗೆ ಈ ದಾರಿ ಇಲ್ಲ. ಅವರ ಸಿನಿಮಾ ಅಂದಕೂಡಲೇ ವಿಮರ್ಶಕರು ತಾಯ್ನಾಡಿನ ಹಂಬಲದಿಂದ ಶುರು ಮಾಡುತ್ತಾರೆ. ನಾನು ನೋಡುವುದು ಕೈಯಲ್ಲಿ ಎಷ್ಟು ರೀಲು ಉಳಿದಿತ್ತು ಅಂತ.

1973ರ ಸೆಪ್ಟೆಂಬರಿನಲ್ಲಿ ಚಿಲಿಯಲ್ಲಿ ಸೇನೆ ಅಧಿಕಾರ ಹಿಡಿಯಿತು. ಅದಕ್ಕೂ ಮುಂಚಿನ ತಿಂಗಳುಗಳನ್ನು ಬೀದಿಯಲ್ಲಿ ನಿಂತು ಚಿತ್ರೀಕರಿಸಿದ್ದ ಸಾಕ್ಷ್ಯಚಿತ್ರ ನಿರ್ದೇಶಕ ಪ್ಯಾಟ್ರಿಸಿಯೊ ಗುಸ್ಮಾನ್ ಬಂಧನದಿಂದ ಬಿಡುಗಡೆಯಾಗಿ ದೇಶ ಬಿಟ್ಟರು. ರೀಲುಗಳು ಸ್ವೀಡನ್ ರಾಯಭಾರ ಕಚೇರಿಯ ನೆರವಿನಿಂದ ಹೊರಬಿದ್ದವು. ಕ್ಯಾಮೆರಾ ಹಿಡಿದಿದ್ದ ಹೋರ್ಹೆ ಮ್ಯುಲ್ಲರ್ 1974ರಲ್ಲಿ ಬಂಧಿತರಾದವರು ಮತ್ತೆ ಸಿಗಲೇ ಇಲ್ಲ. ಪೆದ್ರೊ ಚಾಸ್ಕೆಲ್ ಕ್ಯೂಬಾದ ಹವಾನಾದಲ್ಲಿ ಎಡಿಟ್ ಮಾಡಿದರು. 'ದ ಬ್ಯಾಟಲ್ ಆಫ್ ಚಿಲಿ'ಯ ಮೂರು ಭಾಗ ಮುಗಿಯುವಾಗ 1979. ಅದರಲ್ಲಿ ಉದ್ದುದ್ದ ಶಾಟ್‌ಗಳಿವೆ. ಗುಂಪಿನೊಳಗೆ ನುಗ್ಗಿದ ಕ್ಯಾಮೆರಾ ಒಂದು ಮುಖದಿಂದ ಇನ್ನೊಂದಕ್ಕೆ ತಿರುಗುತ್ತಲೇ ಹೋಗುತ್ತದೆ. ನಾನಾದರೆ ಅಭ್ಯಾಸಬಲದಿಂದ ಅರ್ಧಕ್ಕೇ ಕತ್ತರಿಸುತ್ತಿದ್ದೆ. ಮುಂದಿನ ಶಾಟ್ ತರಲು ಆಗದವನು ಇರುವುದನ್ನು ಪೂರ್ತಿ ನೋಡಲು ಬಿಡಬೇಕಾಗುತ್ತದೆ, ಬಿಟ್ಟುಹೋದದ್ದನ್ನು ದನಿಯಲ್ಲಿ ಹೇಳಬೇಕಾಗುತ್ತದೆ. ಮುಂದೆ 'ನಾಸ್ಟಾಲ್ಜಿಯಾ ಫಾರ್ ದ ಲೈಟ್'ನಲ್ಲಿ (2010) ಗುಸ್ಮಾನ್ ತಮ್ಮದೇ ದನಿಯಲ್ಲಿ ಕತೆ ಹೇಳಿದ್ದನ್ನು ನಾನು ಇದರ ಮುಂದುವರಿಕೆ ಅಂತಲೇ ನೋಡುತ್ತೇನೆ. ನಡುವೆ ಹಳೆಯ ರೀಲುಗಳನ್ನು ಚಿಲಿಗೆ ಒಯ್ದು ಯುವಕರಿಗೆ ತೋರಿಸಿದರು. ಅದನ್ನೇ 1997ರಲ್ಲಿ ಇನ್ನೊಂದು ಸಿನಿಮಾ ಮಾಡಿದರು. ಅದರಲ್ಲಿ ಹುಡುಗರು ವಾದ ಮಾಡುತ್ತಾರೆ, ಅಳುತ್ತಾರೆ.

ಹಿಟ್ಲರನ ಕಾಲದಲ್ಲಿ ಹಾಲಿವುಡ್ ಸೇರಿದ ಫ್ರಿಟ್ಜ್ ಲಾಂಗ್, ಬಿಲ್ಲಿ ವೈಲ್ಡರ್ ಕತೆ ಬೇರೆ. ಅವರಿಗೆ ಸ್ಟುಡಿಯೊ ಸಿಕ್ಕಿತು, ರೀಟೇಕ್ ಸಿಕ್ಕಿತು. ಅವರಿಂದ ಬದಲಾದದ್ದು ಹೆಚ್ಚಾಗಿ ಅಮೆರಿಕದ ಸಿನಿಮಾ.

ತುರ್ಕಿಯ ನಿರ್ದೇಶಕ ಯಿಲ್ಮಾಜ್ ಗುನೆಯ್ ಅವರದ್ದು ಇನ್ನೂ ವಿಚಿತ್ರ ಮಾರಾಯ್ರೇ. ರಜೆ ಮೇಲೆ ಮನೆಗೆ ಹೋಗುವ ಕೈದಿಗಳ ಕತೆ 'ಯೋಲ್' ಬರೆದದ್ದು ಜೈಲಿನಲ್ಲೇ ಕೂತು. ಅವರ ಸೂಚನೆಯಂತೆ ಶೂಟ್ ಮಾಡಿದವರು ಶೆರಿಫ್ ಗೋರೆನ್. 1981ರಲ್ಲಿ ಗುನೆಯ್ ತಪ್ಪಿಸಿಕೊಂಡು ಯುರೋಪಿಗೆ ಹೋಗಿ, ತಾವು ಸೆಟ್‌ನಲ್ಲೇ ಇಲ್ಲದೆ ತೆಗೆದ ರಶಸ್ (ಎಡಿಟ್ ಆಗದ ರೀಲುಗಳು) ಹಿಡಿದು ಕೂತರು. 1982ರಲ್ಲಿ ಕಾನ್ ಉತ್ಸವದ ಅತ್ಯುನ್ನತ ಪ್ರಶಸ್ತಿಯನ್ನು ಹಂಚಿಕೊಂಡ ಆ ಸಿನಿಮಾ ತುರ್ಕಿಯ ಪರದೆಗೆ ಬಂದದ್ದು 1999ರಲ್ಲಿ. ಅಷ್ಟರಲ್ಲಿ ಗುನೆಯ್ ತೀರಿಕೊಂಡು ಹದಿನೈದು ವರ್ಷ.

ಎಡಿಟಿಂಗ್ ಟೇಬಲಿನಲ್ಲಿ ಶೂಟಿಂಗ್ ಇಲ್ಲದೆ ಸೇರಿಸಬಹುದಾದದ್ದು ದನಿ ಬಿಟ್ಟರೆ ಅಕ್ಷರ. ಗುನೆಯ್ ಒಂದು ಕಡೆ ದೊಡ್ಡದಾಗಿ 'ಕುರ್ದಿಸ್ತಾನ್' ಎಂದು, ಅಂದರೆ ಕುರ್ದರ ನಾಡು ಎಂದು ಹಾಕಿದರು. 2017ರಲ್ಲಿ ಹೊಸ ಆವೃತ್ತಿ ಸಿದ್ಧವಾದಾಗ ತುರ್ಕಿಗೆಂದು ಮಾಡಿದ ಪ್ರತಿಯಿಂದ ಆ ಫ್ರೇಮನ್ನು ತೆಗೆದರು.