ಮತ ಹಾಕುವಂತಿಲ್ಲ, ಆದರೂ ಅಧ್ಯಕ್ಷ ಸ್ಥಾನದ ಅಭ್ಯರ್ಥಿ

ಪ್ರಶ್ನೆ: ಅಮೆರಿಕದ ಹೆಂಗಸರಿಗೆ ದೇಶಾದ್ಯಂತ ಮತದಾನದ ಹಕ್ಕು ಸಿಕ್ಕಿದ್ದು 1920ರಲ್ಲಿ. ಹಾಗಾದರೆ ವಕೀಲೆ ಬೆಲ್ವಾ ಲಾಕ್‌ವುಡ್ 1884ರಲ್ಲೇ ಅಧ್ಯಕ್ಷ ಚುನಾವಣೆಗೆ ನಿಂತದ್ದು ಹೇಗೆ? ಅವರಿಗೆ ಮತ ಬಿದ್ದವೇ?

ಉತ್ತರ: ಬಿದ್ದವು, ಅದೂ ಗಂಡಸರ ಮತಗಳು. ಯಾರು ಮತ ಹಾಕಬಹುದು ಅನ್ನುವುದನ್ನು ಆಗ ಆಯಾ ರಾಜ್ಯ ತೀರ್ಮಾನಿಸುತ್ತಿತ್ತು. ಯಾರು ಅಧ್ಯಕ್ಷರಾಗಬಹುದು ಅನ್ನುವುದು ಸಂವಿಧಾನದ ಎರಡನೇ ವಿಧಿಯಲ್ಲಿದೆ: ಹುಟ್ಟಿನಿಂದ ಅಮೆರಿಕದ ಪ್ರಜೆಯಾಗಿರಬೇಕು, 35 ವರ್ಷ ತುಂಬಿರಬೇಕು, 14 ವರ್ಷ ದೇಶದಲ್ಲಿ ವಾಸವಿರಬೇಕು. ಹೆಣ್ಣು ನಿಲ್ಲಬಾರದೆಂಬ ಷರತ್ತು ಅಲ್ಲಿಲ್ಲ. 1872ರಲ್ಲಿ ನಿಂತಿದ್ದ ವಿಕ್ಟೋರಿಯಾ ವುಡ್‌ಹಲ್‌ಗೆ ವಯಸ್ಸೇ ಸಾಲದಾಗಿತ್ತು. ಲಾಕ್‌ವುಡ್‌ಗೆ 54, ಯಾವ ತೊಡಕೂ ಇರಲಿಲ್ಲ.

ಕಾನೂನಿನ ಅಕ್ಷರ ಅಕ್ಷರವನ್ನೂ ಹಿಡಿದು ಕೇಳುವುದು ಅವರಿಗೆ ಹೊಸದಲ್ಲ. ಕಾನೂನು ಓದಿ ಮುಗಿಸಿದರೂ ಕಾಲೇಜು ಪದವಿಪತ್ರ ಕೊಡದಿದ್ದಾಗ, 1873ರಲ್ಲಿ ನೇರವಾಗಿ, ಆ ಕಾಲೇಜಿನ ಪದನಿಮಿತ್ತ ಮುಖ್ಯಸ್ಥರೂ ಆಗಿದ್ದ ಅಧ್ಯಕ್ಷ ಗ್ರ್ಯಾಂಟ್‌ಗೇ ಪತ್ರ ಬರೆದು ಪಡೆದರು. 1876ರಲ್ಲಿ ಸುಪ್ರೀಂ ಕೋರ್ಟ್ ಅವರನ್ನು ವಕೀಲೆಯಾಗಿ ಒಳಗೆ ಬಿಟ್ಟುಕೊಳ್ಳಲಿಲ್ಲ. ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿನ ಬಾಗಿಲಿಗೆ ಅಲೆದು, 1879ರಲ್ಲಿ ಹೊಸ ಕಾಯ್ದೆಯನ್ನೇ ಮಾಡಿಸಿ, ಸುಪ್ರೀಂ ಕೋರ್ಟಿನಲ್ಲಿ ವಾದಿಸುವ ಅಧಿಕಾರ ಪಡೆದ ಮೊದಲ ಮಹಿಳೆಯಾದರು.

ನಿಜವಾದ ಕಷ್ಟವಿದ್ದದ್ದು ಮತಗಟ್ಟೆಯಲ್ಲಿ. ಇದನ್ನು ಗಮನಿಸದೆ ಅವರ ಮತಸಂಖ್ಯೆಯನ್ನು ಅಳೆಯುವುದು ಅನ್ಯಾಯ. ಆಗ ಸರ್ಕಾರ ಮತಪತ್ರ ಅಚ್ಚು ಹಾಕಿಸುತ್ತಿರಲಿಲ್ಲ. ಪ್ರತಿ ಪಕ್ಷವೂ ತನ್ನದೇ ‘ಟಿಕೆಟ್’ ಮುದ್ರಿಸುತ್ತಿತ್ತು. ಉದ್ದನೆಯ ಒಂದು ಚೀಟಿ. ಅದರಲ್ಲಿ ಅಭ್ಯರ್ಥಿಯ ಹೆಸರಿನ ಜೊತೆಗೆ ಆ ರಾಜ್ಯದಲ್ಲಿ ಅವರ ಪರ ನಿಂತ ಎಲೆಕ್ಟರುಗಳ, ಅಂದರೆ ಜನರಿಂದ ಆಯ್ಕೆಯಾಗಿ ಅಧ್ಯಕ್ಷರಿಗೆ ಅಂತಿಮ ಮತ ಹಾಕುವ ಪ್ರತಿನಿಧಿಗಳ, ಹೆಸರು. ಪಕ್ಷದ ಆಳುಗಳು ಮತಗಟ್ಟೆಯ ಹತ್ತಿರ ನಿಂತು ಹಂಚುತ್ತಿದ್ದರು, ಮತದಾರ ಅದನ್ನೇ ತಂದು ಪೆಟ್ಟಿಗೆಗೆ ಹಾಕುತ್ತಿದ್ದ. ಹೀಗಾಗಿ ರಾಜ್ಯ ರಾಜ್ಯದಲ್ಲೂ ಎಲೆಕ್ಟರುಗಳು ಬೇಕು, ಅಚ್ಚಿಗೆ ದುಡ್ಡು ಬೇಕು, ಹಂಚಲು ಜನ ಬೇಕು, ಎಣಿಸುವಲ್ಲಿ ನಮ್ಮವರೊಬ್ಬರು ಇರಬೇಕು. ಎರಡು ತಿಂಗಳ ಪ್ರಚಾರದಲ್ಲಿ, ಅವರನ್ನು ನಿಲ್ಲಿಸಿದ್ದ ಈಕ್ವಲ್ ರೈಟ್ಸ್ ಪಾರ್ಟಿಯಂಥ ಪುಟ್ಟ ಪಕ್ಷ ಇದನ್ನೆಲ್ಲ ಹೊಂದಿಸುವುದೆಂದರೆ ಸಾಮಾನ್ಯ ಮಾತಲ್ಲ. ಇನ್ನೊಂದು ಸಂಗತಿ: ಲಾಕ್‌ವುಡ್ ಇದ್ದದ್ದು ರಾಜಧಾನಿ ವಾಷಿಂಗ್ಟನ್‌ನಲ್ಲಿ, ಅದು ಯಾವ ರಾಜ್ಯಕ್ಕೂ ಸೇರದ್ದರಿಂದ ಆಗ ಆ ಊರಿನ ಗಂಡಸರೂ ಅಧ್ಯಕ್ಷರನ್ನು ಆರಿಸುವಂತಿರಲಿಲ್ಲ.

ಅವರ ಲೆಕ್ಕದಲ್ಲಿ ಬಂದ ಮತ 4 ಸಾವಿರ ಚಿಲ್ಲರೆ. ಪೆನ್ಸಿಲ್ವೇನಿಯಾದಲ್ಲಿ ತಮಗೆ ಬಿದ್ದ ಮತಗಳನ್ನು ಎಣಿಸದೆ ಕಸದ ಬುಟ್ಟಿಗೆ ಸುರಿದರೆಂದು 1885ರ ಜನವರಿಯಲ್ಲಿ ಕಾಂಗ್ರೆಸ್ಸಿಗೆ ಅರ್ಜಿ ಕೊಟ್ಟರು. ಫಲ ಸಿಗಲಿಲ್ಲ. 1888ರಲ್ಲಿ ಮತ್ತೆ ನಿಂತರು. ಸರ್ಕಾರವೇ ಮತಪತ್ರ ಮುದ್ರಿಸಬೇಕೆಂಬ ಕಾಯ್ದೆಯನ್ನು ಮ್ಯಾಸಚೂಸೆಟ್ಸ್ ಮಾಡಿದ್ದೂ ಅದೇ ವರ್ಷ.