ಕೋಲಾರ ಒಂದು ದೇಶವಾಗಿದ್ದರೆ ಟೊಮ್ಯಾಟೊ ಗತಿ ಏನಾಗುತ್ತಿತ್ತು?

ಕೆಜಿಎಫ್‌ನಲ್ಲಿ 1880ರಿಂದ 2001ರವರೆಗೆ ಸುಮಾರು 800 ಟನ್ ಚಿನ್ನ ತೆಗೆದರು. ಬೆಂಗಳೂರಿನ ಬೀದಿಗೆ ಕರೆಂಟ್ ಬರುವುದಕ್ಕೂ ಮೂರು ವರ್ಷ ಮೊದಲೇ, 1902ರಲ್ಲಿ, ಶಿವನಸಮುದ್ರದಿಂದ ಈ ಗಣಿಗೆ ಕರೆಂಟ್ ಬಂದಿತ್ತು. ಇಷ್ಟೆಲ್ಲ ಇದ್ದೂ ನಮ್ಮ ಜಿಲ್ಲೆ ಯಾಕೆ ಹಿಂಗೆ ಅಂತ ಕೇಳಿದರೆ, ಬ್ರಿಟಿಷರು ಹೊತ್ಕೊಂಡು ಹೋದ್ರು ಅನ್ನುವುದು ರೆಡಿ ಉತ್ತರ. ಅದು ನಿಜವೇ. ಆದರೆ ಯಾರೂ ಹೊತ್ತುಕೊಂಡು ಹೋಗದಿದ್ದರೂ ಇಂಥ ಸಂಪತ್ತು ಊರನ್ನು ಕೆಡಿಸಬಲ್ಲದು.

ಸುಮ್ನೆ ಲೆಕ್ಕಕ್ಕೆ, ಕೋಲಾರವೇ ಒಂದು ದೇಶ, ಅದಕ್ಕೆ ಅದರದೇ ನೋಟು ಇದೆ ಅಂತ ಇಟ್ಟುಕೊಳ್ಳಿ. ಚಿನ್ನ ಮಾರಿದ್ದಕ್ಕೆ ಡಾಲರ್ ಬಂದು ಸುರಿಯುತ್ತದೆ. ಆ ಡಾಲರನ್ನು ಇಲ್ಲಿ ಖರ್ಚು ಮಾಡಬೇಕಾದರೆ ಮೊದಲು ಕೋಲಾರದ ನೋಟು ಕೊಳ್ಳಬೇಕು, ಹಾಗಾಗಿ ನೋಟಿನ ಬೆಲೆ ಏರುತ್ತದೆ. ಈಗ ಎಪಿಎಂಸಿ ಮಂಡಿಗೆ ಬನ್ನಿ. ಹೊರಗಿನ ವ್ಯಾಪಾರಿಗೆ ನಮ್ಮ 15 ಕೆಜಿ ಟೊಮ್ಯಾಟೊ ಬಾಕ್ಸು ಇದ್ದಕ್ಕಿದ್ದಂತೆ ದುಬಾರಿ, ಅವನು ಲಾರಿಯನ್ನು ಆಂಧ್ರದ ಮದನಪಲ್ಲಿ ಕಡೆ ತಿರುಗಿಸುತ್ತಾನೆ. ಇತ್ತ ಗಣಿಯವರು ಜಾಸ್ತಿ ಕೊಡುವುದರಿಂದ ಹಣ್ಣು ಕೀಳುವ ಕೂಲಿಯೂ ಏರಿದೆ. ಮಳೆ ಕೈಕೊಟ್ಟಿಲ್ಲ, ಗಿಡಕ್ಕೆ ರೋಗ ಬಂದಿಲ್ಲ, ಆದರೂ ಬೆಳೆಗಾರ ಮುಳುಗಿದ! ನಾಳೆ ಚಿನ್ನ ಮುಗಿದಾಗ ತೋಟಕ್ಕೆ ವಾಪಸ್ ಬರೋಣ ಅಂದರೆ ಬೋರ್‌ವೆಲ್ ಮೋಟಾರು ತುಕ್ಕು ಹಿಡಿದಿದೆ, ಮಗನಿಗೆ ಬೇಸಾಯ ಗೊತ್ತಿಲ್ಲ, ಹಳೇ ಗಿರಾಕಿ ಬೇರೆ ಕಡೆ ಒಗ್ಗಿಹೋಗಿದ್ದಾನೆ.

ಅರ್ಥಶಾಸ್ತ್ರದಲ್ಲಿ ಇದು ‘ಡಚ್ ಡಿಸೀಸ್’. 1959ರಲ್ಲಿ ಡಚ್ಚರ ದೇಶವಾದ ನೆದರ್‌ಲ್ಯಾಂಡ್ಸ್‌ನ ಗ್ರೋನಿಂಗನ್‌ನಲ್ಲಿ ಭಾರಿ ಗ್ಯಾಸ್ ಸಿಕ್ಕಿತು, ಆಮೇಲೆ ಅಲ್ಲಿನ ಕಾರ್ಖಾನೆಗಳು ಸೊರಗಿದವು. 1977ರಲ್ಲಿ ‘ದಿ ಎಕಾನಮಿಸ್ಟ್’ ಪತ್ರಿಕೆ ಈ ಹೆಸರಿಟ್ಟಿತು.

ಶ್ರೀಮಂತ ಡಚ್ಚರು ಹೇಗೋ ಸುಧಾರಿಸಿಕೊಂಡರು. ನೈಜೀರಿಯಾದ್ದು ಹೊಟ್ಟೆ ಉರಿಯುವ ಕಥೆ. ನಮ್ಮ ಪಾವಗಡ, ಶಿರಾ ಕಡೆಯವರಿಗೆ ಇದು ಬೇಗ ಅರ್ಥವಾದೀತು, ಯಾಕೆಂದರೆ ಅದು ಕಡಲೆಕಾಯಿ ದೇಶ. ಕಾನೋ ನಗರದಲ್ಲಿ ಕಡಲೆಬೀಜದ ಮೂಟೆಗಳನ್ನು ಪಿರಮಿಡ್ ಆಕಾರದಲ್ಲಿ ಒಟ್ಟಿ, ರಫ್ತಿಗೆ ಕಾಯಿಸಿ ಇಡುತ್ತಿದ್ದರು. 1970ರ ದಶಕದಲ್ಲಿ ತೈಲದ ದುಡ್ಡು ಹರಿದು ಬಂತು, ಪಿರಮಿಡ್ಡುಗಳು ಕಾಣೆಯಾದವು. ಬರ ಮತ್ತು ಬೆಳೆ ರೋಗದ ಪಾಲೂ ಇದೆ, ಎಲ್ಲವನ್ನೂ ತೈಲದ ತಲೆಗೆ ಕಟ್ಟುವುದು ತಪ್ಪು. ಆದರೆ ಬೆಳೆಯನ್ನು ಮತ್ತೆ ಎತ್ತಿ ನಿಲ್ಲಿಸುವ ತುರ್ತು ಸರ್ಕಾರಕ್ಕೆ ಇರಲಿಲ್ಲ. ಖಜಾನೆ ತುಂಬಿತ್ತಲ್ಲ!

ರಾಜಕೀಯ ಕೆಡುವುದು ಇಲ್ಲೇ. ತೆರಿಗೆ ಕಟ್ಟಿದವನು ಲೆಕ್ಕ ಕೇಳುತ್ತಾನೆ. ತೈಲ ಬಾವಿಯಿಂದಲೇ ದುಡ್ಡು ಬರುವಾಗ ಜನರನ್ನು ಕೇಳುವ ಗೊಡವೆ ಯಾಕೆ, ಅಲ್ವಾ? ಕುರ್ಚಿ ಹಿಡಿದವನಿಗೇ ಬಾವಿಯೂ ಸಿಗುವುದರಿಂದ ಕುರ್ಚಿ ಬಿಡಲು ಯಾರಿಗೂ ಮನಸ್ಸಿರುವುದಿಲ್ಲ. ಮೇಲಾಗಿ ಬೆಲೆ ಏರಿದ್ದಾಗ ಸಾಲ ಮಾಡಿ ಮೆರೆದವರಿಗೆ, 1986ರಲ್ಲಿ ತೈಲದ ಬೆಲೆ ಕುಸಿದಾಗ ಬಡ್ಡಿ ಕಟ್ಟುವುದೂ ಕಷ್ಟವಾಯಿತು.

ಎಲ್ಲರೂ ಹೊಗಳುವ ನಾರ್ವೆ ಮಾಡಿದ್ದೇನು? ತೈಲದ ಲಾಭವನ್ನು ಒಂದು ನಿಧಿಗೆ ಹಾಕಿ, ಆ ನಿಧಿಯನ್ನು ಪೂರ್ತಿ ಹೊರದೇಶಗಳಲ್ಲೇ ಹೂಡಿತು. ಡಾಲರ್ ಒಳಗೆ ನುಗ್ಗದಿದ್ದರೆ ನೋಟಿನ ಬೆಲೆ ಹುಚ್ಚಾಪಟ್ಟೆ ಏರುವುದಿಲ್ಲ. ವರ್ಷಕ್ಕೆ ನಿಧಿಯ ಸುಮಾರು ಶೇ. 3ರಷ್ಟು ಮಾತ್ರ ಬಜೆಟ್ಟಿಗೆ. ಇಂಥ ನಿಯಮ ನಮ್ಮಲ್ಲಿ ಒಂದು ಚುನಾವಣೆ ದಾಟುತ್ತಿತ್ತು ಅಂತ ನನಗೆ ನಂಬಿಕೆಯಿಲ್ಲ.

ಹಾಗಂತ ನೈಜೀರಿಯಾಗೆ ನಾರ್ವೆಯ ಉದಾಹರಣೆ ಕೊಟ್ಟು ಬುದ್ಧಿ ಹೇಳುವುದು ಅನ್ಯಾಯ. 1969ರಲ್ಲಿ ಸಮುದ್ರದಡಿಯ ಎಕೋಫಿಸ್ಕ್ ನಿಕ್ಷೇಪದಲ್ಲಿ ತೈಲ ಸಿಕ್ಕಾಗ ನಾರ್ವೆಯಲ್ಲಿ ಲೆಕ್ಕ ಕೇಳುವ ಸಂಸತ್ತು ಬೇರೂರಿ ತಲೆಮಾರುಗಳೇ ಕಳೆದಿದ್ದವು. ನೈಜೀರಿಯಾದ ಒಲೊಯಿಬಿರಿಯಲ್ಲಿ ತೈಲ ಸಿಕ್ಕಿದ್ದು 1956ರಲ್ಲಿ. ಸ್ವಾತಂತ್ರ್ಯ ಬರಲು ಇನ್ನೂ ನಾಲ್ಕು ವರ್ಷವಿತ್ತು, ತೈಲ ಹುಡುಕುತ್ತಿದ್ದ ಕಂಪನಿಗೆ ಪರವಾನಗಿ ಕೊಟ್ಟಿದ್ದು ಬ್ರಿಟಿಷ್ ಆಡಳಿತ.